ದಮ್ಮು ಒಂದೇ, ರೋಗಗಳು ಹಲವು



ಹುನಗುಂದದ ಸೀಮೆಯಲ್ಲಿ ಯಾರಾದರೂ ಉಸಿರು ಹತ್ತದೆ ಮನೆಯ ಮೂಲೆ ಹಿಡಿದರೆ, ನೆರೆಹೊರೆಯವರು ಆಡುವ ಮಾತು ಒಂದೇ: “ಅವರಿಗೆ ದಮ್ಮು ಐತ್ರಿ.” ಮಾತು ಚಿಕ್ಕದು. ಆದರೆ ಈ ಒಂದು ಮಾತಿನ ಹೊದಿಕೆಯೊಳಗೆ ಐದಾರು ಬೇರೆ ಬೇರೆ ರೋಗಗಳು ಅಡಗಿಕೊಂಡಿವೆ. ಅವುಗಳ ಹುಟ್ಟು ಬೇರೆ, ನಡೆ ಬೇರೆ, ಕೊನೆಯೂ ಬೇರೆ. ಒಂದಕ್ಕೆ ಸಂಜೀವಿನಿಯಾದ ಔಷಧ ಮತ್ತೊಂದಕ್ಕೆ ಕೇವಲ ನಿಷ್ಪ್ರಯೋಜಕ. ಈ ಭೇದವನ್ನು ಅರಿಯದೆ ಹೋದುದರಿಂದ ಆಗಿರುವ ನಷ್ಟವು ಅಲ್ಪವಾದುದಲ್ಲ. ಆದುದರಿಂದ ಶ್ವಾಸಕೋಶದ ದೀರ್ಘರೋಗಗಳು ಯಾವುವು, ಒಂದರಿಂದ ಒಂದನ್ನು ಬೇರ್ಪಡಿಸಿ ತಿಳಿಯುವುದು ಹೇಗೆ ಎಂಬುದನ್ನು ಈ ಹೊತ್ತು ತಮ್ಮ ಮುಂದೆ ಅರಿಕೆಮಾಡಬೇಕೆಂದಿದ್ದೇವೆ.

ವಿಷಯವು ಸುಲಭವಾಗಿ ಮನಸ್ಸಿಗೆ ಹತ್ತಲೆಂದು ಒಂದು ಮನೆಯನ್ನು ಕಲ್ಪಿಸಿಕೊಳ್ಳೋಣ. ಇದು ನಿಜವಾದ ಯಾರ ಮನೆಯೂ ಅಲ್ಲ. ಆದರೆ ಇಳಕಲ್ಲಿಗೂ ಹುನಗುಂದಕ್ಕೂ ನಡುವಣ ಯಾವ ಊರಿನಲ್ಲಾದರೂ ಇರಬಹುದಾದ ಮನೆ. ಯಜಮಾನನಿಗೆ ನಾಲ್ವತ್ತೈದು ವರ್ಷ. ಹದಿನೆಂಟನೆಯ ವಯಸ್ಸಿನಿಂದ ಕೆಂಪು ಗ್ರಾನೈಟಿನ ಕಲ್ಲುಗಣಿಯಲ್ಲಿ ದುಡಿದವನು. ಅವನ ತಾಯಿ, ಅರವತ್ತೈದರ ಮುದುಕಿ. ಒಲೆಯ ಮುಂದೆ ಕುಳಿತು ಜೋಳದ ರೊಟ್ಟಿ ಬಡಿಯುತ್ತಲೇ ಆಯುಸ್ಸು ಕಳೆದವಳು. ಬೀಡಿಯನ್ನು ಕೈಯಿಂದ ಮುಟ್ಟಿದವಳಲ್ಲ. ಅವನ ಮಗ, ಹತ್ತು ವರ್ಷದ ಶಾಲೆಯ ಹುಡುಗ. ಇನ್ನು ಅವನ ಮೈದುನ, ಕೂಲಿಗಾಗಿ ದೊಡ್ಡ ಪಟ್ಟಣಕ್ಕೆ ಹೋಗಿ, ಮೈ ಇಳಿದು ಊರಿಗೆ ಹಿಂದಿರುಗಿದ ಇಪ್ಪತ್ತೆಂಟರ ತರುಣ. ನಾಲ್ವರೂ ಕೆಮ್ಮುತ್ತಾರೆ, ನಾಲ್ವರಿಗೂ ಏದುಸಿರು. ಊರವರ ಲೆಕ್ಕದಲ್ಲಿ ನಾಲ್ವರಿಗೂ ದಮ್ಮು. ವೈದ್ಯಶಾಸ್ತ್ರದ ಲೆಕ್ಕದಲ್ಲಿ ಇವು ನಾಲ್ಕು ಬೇರೆ ರೋಗಗಳು.

ಮೊದಲು ಶ್ವಾಸಕೋಶದ ರಚನೆಯನ್ನು ಎರಡು ಮಾತಿನಲ್ಲಿ ನೋಡೋಣ. ಗಂಟಲಿನಿಂದ ಇಳಿಯುವ ಗಾಳಿಯ ಕೊಳವೆಯು ಎರಡಾಗಿ, ನಾಲ್ಕಾಗಿ, ಮರದ ಕೊಂಬೆಗಳಂತೆ ಕವಲೊಡೆಯುತ್ತ ಹೋಗಿ, ಕೊನೆಗೆ ದ್ರಾಕ್ಷಿಯ ಗೊಂಚಲಿನಂಥ ಸಣ್ಣ ಗಾಳಿಗೂಡುಗಳಲ್ಲಿ ಮುಗಿಯುತ್ತದೆ. ಇಂಥ ಗೂಡುಗಳು ಒಬ್ಬ ಮನುಷ್ಯನ ಎದೆಯಲ್ಲಿ ಸುಮಾರು 30 ಕೋಟಿ, ಅಥವಾ ಅದಕ್ಕಿಂತಲೂ ಹೆಚ್ಚು. ಅವನ್ನೆಲ್ಲ ಬಿಡಿಸಿ ಹಾಸಿದರೆ ಸುಮಾರು 70 ಚದರ ಮೀಟರು, ಎಂದರೆ ಒಂದು ಸಾಧಾರಣ ಮನೆಯ ನೆಲದಷ್ಟು ವಿಸ್ತಾರ. ಗಾಳಿಯಲ್ಲಿಯ ಆಮ್ಲಜನಕವು ರಕ್ತಕ್ಕೆ ಸೇರುವುದು ಈ ಗೂಡುಗಳ ತೆಳ್ಳನೆಯ ಗೋಡೆಯ ಮೂಲಕವೇ. ದೀರ್ಘರೋಗಗಳಲ್ಲಿ ಕೆಲವು ಕೊಳವೆಗಳನ್ನು ಕೆಡಿಸುತ್ತವೆ. ಕೆಲವು ಗೂಡುಗಳನ್ನು ಒಡೆಯುತ್ತವೆ. ಕೆಲವು ಗೋಡೆಗಳನ್ನು ದಪ್ಪಗೂ ಗಡುಸಾಗಿಯೂ ಮಾಡುತ್ತವೆ. ಭೇದವೆಲ್ಲ ಇದರಲ್ಲಿಯೇ ಇದೆ.

ಈ ಭೇದಗಳನ್ನು ಜೀವಂತ ರೋಗಿಯ ಎದೆಯಲ್ಲಿಯೇ ಗುರುತಿಸುವ ದಾರಿಯನ್ನು ತೆರೆದವರಲ್ಲಿ ಮೊದಲಿಗನು ಲೆನೆಕ್ ಎಂಬ ಫ್ರೆಂಚ್ ವೈದ್ಯ. ಅವನು 1816ರಲ್ಲಿ ಎದೆದರ್ಶಕವನ್ನು, ಎಂದರೆ ಇಂದು ಪ್ರತಿಯೊಬ್ಬ ವೈದ್ಯನ ಕೊರಳಲ್ಲಿ ತೂಗುವ ಸ್ಟೆತಾಸ್ಕೋಪನ್ನು ಕಂಡುಹಿಡಿದನು. ಅದುವರೆಗೆ ಕೆಮ್ಮು ಎಂಬ ಒಂದೇ ರಾಶಿಯಲ್ಲಿ ಬಿದ್ದಿದ್ದ ರೋಗಗಳನ್ನು ಅವುಗಳ ಸದ್ದಿನಿಂದಲೇ ಬೇರೆಬೇರೆಯಾಗಿ ಆರಿಸಿಟ್ಟನು. ವಿಧಿಯ ವಿಪರ್ಯಾಸವೆಂದರೆ, 1826ರಲ್ಲಿ ಅವನೇ ಕ್ಷಯದಿಂದ ತೀರಿಕೊಂಡನು. ಅನಂತರ 1846ರಲ್ಲಿ ಇಂಗ್ಲೆಂಡಿನ ಹಚಿನ್‌ಸನ್ನನು ಉಸಿರನ್ನು ಅಳೆಯುವ ಸ್ಪೈರೋಮೀಟರನ್ನು ಪ್ರಚಾರಕ್ಕೆ ತಂದನು. 1882ರಲ್ಲಿ ಕೋಖನು ಕ್ಷಯದ ಕ್ರಿಮಿಯನ್ನು ತೋರಿಸಿದನು. 1895ರಲ್ಲಿ ರಂಟ್ಜೆನ್ನನು ಕ್ಷ-ಕಿರಣವನ್ನು ಕಂಡನು. ಕಿವಿ, ಅಳತೆ, ಕ್ರಿಮಿಪರೀಕ್ಷೆ, ಚಿತ್ರ ಎಂಬ ಈ ನಾಲ್ಕು ಸಾಧನಗಳೇ ಇಂದಿಗೂ ನಮ್ಮ ಆಧಾರ.

ಈಗ ನಮ್ಮ ಮನೆಗೆ ಹಿಂದಿರುಗೋಣ. ಮೊದಲು ಹುಡುಗನನ್ನು ನೋಡೋಣ. ಅವನು ಹಗಲೆಲ್ಲ ಓಡಿಯಾಡುತ್ತಾನೆ. ಕಣದಲ್ಲಿ ರಾಶಿ ನಡೆದು ಹೊಟ್ಟು ಹಾರಿದ ದಿನವೋ, ಚಳಿಗಾಳಿ ಬೀಸಿದ ರಾತ್ರಿಯೋ, ನಸುಕಿನ ಮೂರು ಗಂಟೆಗೆ ಎದ್ದು ಕುಳಿತು ಉಸಿರಿಗಾಗಿ ಹೆಣಗುತ್ತಾನೆ. ಎದೆಯಿಂದ ಸಿಳ್ಳಿನಂಥ ಸದ್ದು ಕೇಳುತ್ತದೆ. ಎರಡು ದಿನದಲ್ಲಿ ಎಲ್ಲವೂ ಶಾಂತ. ಏನೂ ಆಗಿಯೇ ಇರಲಿಲ್ಲವೆಂಬಂತೆ ಮತ್ತೆ ಆಟ. ಇದು ಗೂರಲು, ಅಥವಾ ಆಸ್ತಮಾ. ಇದರಲ್ಲಿ ಕೊಳವೆಗಳ ಸುತ್ತಣ ಸ್ನಾಯುಗಳು ಬಿಗಿಯುತ್ತವೆ, ಒಳಪದರವು ಬಾತುಕೊಳ್ಳುತ್ತದೆ, ಅಂಟುಕಫವು ದಾರಿಯನ್ನು ಕಟ್ಟುತ್ತದೆ. ಆದರೆ ಈ ಬಿಗಿತವು ಸಡಿಲುವಂಥದು. ಬರುತ್ತದೆ, ಹೋಗುತ್ತದೆ, ಇದೇ ಅದರ ಮುಖ್ಯ ಲಕ್ಷಣ. ಮನೆತನದಲ್ಲಿ ಮತ್ತೊಬ್ಬರಿಗೆ ಗೂರಲೋ, ಇಸುಬೋ, ಪದೇಪದೇ ಸೀನುವ ನೆಗಡಿಯೋ ಇರುವುದುಂಟು.

ಇದಕ್ಕೆ ಸಲ್ಲುವ ಔಷಧವು ಬಾಯಿಯ ಮೂಲಕ ಎಳೆದುಕೊಳ್ಳುವ ಪಂಪು. ಇಲ್ಲಿ ನಮ್ಮ ಜನರಲ್ಲಿ ಒಂದು ತಪ್ಪು ಭಾವನೆ ಬೇರೂರಿದೆ. ಪಂಪು ಹಿಡಿದರೆ ಚಟವಾಗುತ್ತದೆ, ಅದು ಕಡೆಯ ಕಾಲದ ಔಷಧ ಎಂದು ಸುಶಿಕ್ಷಿತರೂ ಹೇಳುವುದನ್ನು ಕೇಳುತ್ತೇವೆ. ನಿಜಸ್ಥಿತಿಯು ಇದಕ್ಕೆ ವಿರುದ್ಧವಾದುದು. ಗುಳಿಗೆಯಲ್ಲಿ ಸ್ಟಿರಾಯ್ಡ್ ಔಷಧವು ಮಿಲಿಗ್ರಾಮಿನ ಲೆಕ್ಕದಲ್ಲಿದ್ದು ಮೈಯೆಲ್ಲ ತಿರುಗುತ್ತದೆ. ಪಂಪಿನಲ್ಲಿ ಅದು ಮಿಲಿಗ್ರಾಮಿನ ಸಾವಿರದಲ್ಲೊಂದು ಭಾಗವಾದ ಮೈಕ್ರೋಗ್ರಾಮಿನ ಲೆಕ್ಕದಲ್ಲಿದ್ದು ನೇರವಾಗಿ ಬೇನೆಯ ಜಾಗಕ್ಕೇ ಮುಟ್ಟುತ್ತದೆ. ಒಳಬಾವನ್ನು ಇಳಿಸುವ ಈ ಪಂಪನ್ನು, ಉಬ್ಬಸವಿಲ್ಲದ ದಿನವೂ, ವೈದ್ಯರು ಹೇಳಿದಷ್ಟು ಕಾಲ ಬಿಡದೆ ಸೇದಬೇಕು. ಉಬ್ಬಸ ಬಂದಾಗ ಮಾತ್ರ ತಾತ್ಕಾಲಿಕ ಉಪಶಮನದ ಔಷಧವನ್ನು ಸೇದಿ ಸುಮ್ಮನಾಗುವುದು, ಮನೆಗೆ ಬೆಂಕಿ ಬಿದ್ದಾಗ ಹೊಗೆಯನ್ನು ಮಾತ್ರ ಬೀಸಿ ಕಳೆಯುವಂತೆ. ಸರಿಯಾಗಿ ನೋಡಿಕೊಂಡರೆ ಈ ಹುಡುಗನು ಎಲ್ಲರಂತೆ ಓದಿ, ಆಡಿ, ದುಡಿದು ಬಾಳಬಲ್ಲನು.

ಇನ್ನು ಅಜ್ಜಿ. ಇವಳ ದಮ್ಮು ಬಂದು ಹೋಗುವುದಲ್ಲ, ಬಂದದ್ದು ನೆಲೆನಿಂತಿದೆ. ಮೊದಲು ಚಳಿಗಾಲದ ಕೆಮ್ಮು. ಬಳಿಕ ವರ್ಷಪೂರ್ತಿ ಬೆಳಗಿನ ಕಫ. ಆಮೇಲೆ ಬಾವಿಯಿಂದ ಕೊಡ ಹೊರುವಾಗ ಏದುಸಿರು. ಈಗ ಸೀರೆ ಉಡುವಾಗಲೂ ಏದುಸಿರು. “ವಯಸ್ಸಾಯ್ತಲ್ಲ” ಎಂದು ಮನೆಯವರು ಸುಮ್ಮನಾಗಿದ್ದಾರೆ. ಇದು ವಯಸ್ಸಲ್ಲ, ಇದು ಕೊಳವೆಗಳು ಶಾಶ್ವತವಾಗಿ ಕಿರಿದಾಗುವ ರೋಗ. ಸತತವಾಗಿ ಎರಡು ವರ್ಷ, ವರ್ಷಕ್ಕೆ ಮೂರು ತಿಂಗಳಾದರೂ ಕಫದ ಕೆಮ್ಮಿದ್ದರೆ ಅದನ್ನು ದೀರ್ಘ ಬ್ರಾಂಕೈಟಿಸ್ ಎನ್ನುತ್ತಾರೆ. ಗಾಳಿಗೂಡುಗಳ ಗೋಡೆಗಳು ಹರಿದು ಹಲವು ಸಣ್ಣ ಗೂಡುಗಳು ಒಂದೇ ಜೋಲು ಚೀಲವಾದರೆ ಅದು ಎಂಫಿಸೀಮ. ಎರಡೂ ಬೆರೆತಿರುವುದೇ ಹೆಚ್ಚಾದುದರಿಂದ ಇಂದಿನ ವೈದ್ಯರು ಒಟ್ಟಾಗಿ ಸಿಓಪಿಡಿ ಎಂಬ ಹೆಸರನ್ನಿಟ್ಟಿದ್ದಾರೆ.

ಇದರ ಪ್ರಸಿದ್ಧ ಕಾರಣ ತಂಬಾಕಿನ ಹೊಗೆ. ಹಾಗಾದರೆ ಬೀಡಿ ಮುಟ್ಟದ ಅಜ್ಜಿಗೆ ಇದು ಬಂದುದೆಲ್ಲಿಂದ? ಒಲೆಯಿಂದ. ಹತ್ತಿಕಟ್ಟಿಗೆ, ತೊಗರಿಕಟ್ಟಿಗೆ, ಕುಳ್ಳು, ಇವುಗಳ ಹೊಗೆಯು ಕಿಟಕಿಯಿಲ್ಲದ ಅಡಿಗೆಮನೆಯಲ್ಲಿ ದಿನವೂ ಅವಳ ಎದೆಗಿಳಿದಿದೆ. ಮೈಸೂರಿನ ಜೆಎಸ್ಎಸ್ ವೈದ್ಯಕೀಯ ಕಾಲೇಜಿನ ವಿದ್ವಾಂಸರು ನಂಜನಗೂಡಿನ ಕಡೆಯ ಹಳ್ಳಿಗಳ ಹೆಂಗಸರಲ್ಲಿ ನಡೆಸಿ 2013ರಲ್ಲಿ ಪ್ರಕಟಿಸಿದ ಶೋಧನೆಯು ಈ ಮಾತಿಗೆ ಒಂದು ಅಳತೆಯನ್ನೇ ಕೊಟ್ಟಿದೆ. ದಿನಕ್ಕೆ ಎಷ್ಟು ಗಂಟೆ ಒಲೆಯ ಮುಂದೆ ಎಂಬುದನ್ನು ಎಷ್ಟು ವರ್ಷ ಎಂಬುದರಿಂದ ಗುಣಿಸಬೇಕು. ಆ ಗುಣಲಬ್ಧವು 60ನ್ನು ಮುಟ್ಟಿದರೆ ದೀರ್ಘ ಬ್ರಾಂಕೈಟಿಸಿನ ಅಪಾಯವು ಸ್ಪಷ್ಟವಾಗಿ ಕಾಣಿಸಿಕೊಳ್ಳುತ್ತದೆ. ದಿನಕ್ಕೆ ಮೂರು ಗಂಟೆಯಂತೆ ಇಪ್ಪತ್ತು ವರ್ಷ ಅಡಿಗೆ ಮಾಡಿದರೆ ಅಲ್ಲಿಗೆ ಅರವತ್ತಾಯಿತು. ಹದಿನಾರಕ್ಕೆ ಮದುವೆಯಾಗಿ ಬಂದ ನಮ್ಮ ಅಜ್ಜಿಯು ಮೂವತ್ತಾರು ತುಂಬುವುದರೊಳಗಾಗಿಯೇ ಈ ಗೆರೆಯನ್ನು ದಾಟಿದಳು. ಹರಿದ ಗೂಡನ್ನು ಯಾವ ಔಷಧವೂ ಹೊಲಿಯಲಾರದು. ಆದರೆ ಹೊಗೆಯನ್ನು ತಪ್ಪಿಸಿದರೆ ರೋಗದ ಓಟವು ನಿಧಾನವಾಗುತ್ತದೆ. ಕೊಳವೆಯನ್ನು ಅಗಲಿಸುವ ಪಂಪು ಉಸಿರಾಟವನ್ನು ಸುಗಮಗೊಳಿಸುತ್ತದೆ. ಕ್ರಮವಾದ ನಡಿಗೆಯು ಬಲ ಕೊಡುತ್ತದೆ. ರಕ್ತದಲ್ಲಿ ಆಮ್ಲಜನಕವು ತೀರ ಕಡಮೆಯಾದವರಿಗೆ ಮನೆಯಲ್ಲಿಯೇ ಆಮ್ಲಜನಕವನ್ನು ಕೊಡುವುದರಿಂದ ಆಯುಸ್ಸೂ ಬೆಳೆಯುತ್ತದೆ.

ಮೂರನೆಯವನು ಮೈದುನ. ಇವನಿಗೆ ಕೆಮ್ಮಿನ ಜೊತೆಗೆ ಸಂಜೆಯ ಸಣ್ಣ ಜ್ವರ, ರಾತ್ರಿಯ ಬೆವರು, ಊಟ ಸೇರದಿರುವಿಕೆ. ಒಮ್ಮೊಮ್ಮೆ ಕಫದಲ್ಲಿ ರಕ್ತದ ಎಳೆ. ಇದು ಕ್ಷಯ. ಉಳಿದ ಮೂವರ ರೋಗಗಳು ಅಂಟುವಂಥವಲ್ಲ. ಇದೊಂದೇ ಗಾಳಿಯ ಮೂಲಕ ಒಬ್ಬರಿಂದೊಬ್ಬರಿಗೆ ಹರಡತಕ್ಕದ್ದು. ಹಾಗೆಯೇ, ನಾಲ್ಕರಲ್ಲಿ ಸಂಪೂರ್ಣವಾಗಿ ಗುಣವಾಗತಕ್ಕದ್ದೂ ಇದೊಂದೇ. ನಮ್ಮ ಹಿರಿಯರ ಕಾಲದಲ್ಲಿ ಹೀಗಿರಲಿಲ್ಲ. ಮೈಸೂರಿನ ಅರಮನೆಯೂ ಈ ರೋಗಕ್ಕೆ ತನ್ನ ರಾಜಕುಮಾರಿಯನ್ನು ಒಪ್ಪಿಸಬೇಕಾಯಿತು. ನಾಲ್ವಡಿ ಕೃಷ್ಣರಾಜ ಒಡೆಯರವರು ಸೋದರಿ ಕೃಷ್ಣಾಜಮ್ಮಣ್ಣಿಯವರ ನೆನಪಿಗಾಗಿ ಮೈಸೂರಿನಲ್ಲಿ ಕ್ಷಯರೋಗ ಚಿಕಿತ್ಸಾಲಯವನ್ನು 1921ರಲ್ಲಿ ಸ್ಥಾಪಿಸಿದರು. ಆಗ ರೋಗಿಗೆ ಕೊಡಬಹುದಾಗಿದ್ದುದು ಒಳ್ಳೆಯ ಗಾಳಿ, ಒಳ್ಳೆಯ ಆಹಾರ, ವಿಶ್ರಾಂತಿ, ಇಷ್ಟೇ. 1943ರಲ್ಲಿ ಸ್ಟ್ರೆಪ್ಟೊಮೈಸಿನ್ ದೊರೆತ ಮೇಲೆ ಕಾಲ ತಿರುಗಿತು. ಇಂದು ಸಾಮಾನ್ಯವಾದ ಕ್ಷಯಕ್ಕೆ ಆರು ತಿಂಗಳ ಔಷಧ ಸಾಕು. ಕಫದ ಪರೀಕ್ಷೆಯೂ ಔಷಧವೂ ಸರ್ಕಾರಿ ಆಸ್ಪತ್ರೆಯಲ್ಲಿ ಉಚಿತ. ನಿಯಮ ಒಂದೇ: ಎರಡು ವಾರ ಮೀರಿದ ಕೆಮ್ಮಿದ್ದರೆ ಕಫವನ್ನು ಪರೀಕ್ಷೆಗೆ ಕೊಡತಕ್ಕದ್ದು, ಔಷಧವನ್ನು ಆರಂಭಿಸಿದ ಮೇಲೆ ಮೈ ಹಗುರವಾಯಿತೆಂದು ನಡುವೆ ಬಿಡಕೂಡದು.

ಇಲ್ಲಿ ತಪ್ಪು ಯಾವಾಗಲೂ ರೋಗಿಯದೇ ಎಂದು ತಿಳಿಯಬಾರದು. ಬೆಂಗಳೂರಿನಲ್ಲಿ 1959ರಲ್ಲಿ ಸ್ಥಾಪಿತವಾದ ರಾಷ್ಟ್ರೀಯ ಕ್ಷಯರೋಗ ಸಂಸ್ಥೆಯ ಬ್ಯಾನರ್ಜಿ ಮತ್ತು ಆಂಡರ್ಸನ್ ಎಂಬಿಬ್ಬರು ತುಮಕೂರು ಜಿಲ್ಲೆಯ ಹಳ್ಳಿಗಳಲ್ಲಿ ವಿಚಾರಿಸಿ 1963ರಲ್ಲಿ ಒಂದು ಲೇಖನವನ್ನು ಪ್ರಕಟಿಸಿದರು. ಕ್ಷಯರೋಗಿಗಳಲ್ಲಿ ಬಹುಮಂದಿ ತಮ್ಮ ಬೇನೆಯನ್ನು ತಾವೇ ಅರಿತಿದ್ದರು. ಅರ್ಧದಷ್ಟು ಜನ ವೈದ್ಯರ ಬಾಗಿಲಿಗೆ ಹೋಗಿಯೂ ಬಂದಿದ್ದರು. ಅಲ್ಲಿ ಅವರಿಗೆ ದೊರೆತುದು ಕೆಮ್ಮಿನ ಔಷಧದ ಸೀಸೆ ಮಾತ್ರ. ಕೆಮ್ಮು ಎಲ್ಲ ಒಂದೇ ಎಂಬ ಭಾವನೆಯು ಎಷ್ಟು ದುಬಾರಿಯಾದುದೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಿಲ್ಲ.

ಕೊನೆಗೆ ಯಜಮಾನನ ಬಳಿ ಬರೋಣ. ಇವನ ಪ್ರಸಂಗದಲ್ಲಿ ನಾವು ಸ್ವಲ್ಪ ಹೆಚ್ಚು ಹೊತ್ತು ನಿಲ್ಲಬೇಕಾಗುತ್ತದೆ.

ಗ್ರಾನೈಟು ಎಂದು ಹೇಳಿಸಿಕೊಳ್ಳುವ ಶಿಲೆಯಲ್ಲಿ ಐದರಲ್ಲೊಂದು ಪಾಲಿಗಿಂತ ಕಡಮೆಯಿಲ್ಲದಂತೆ ಸ್ಫಟಿಕಶಿಲೆ, ಎಂದರೆ ಹರಳುಗಟ್ಟಿದ ಸಿಲಿಕ, ಇರುತ್ತದೆ. ಬಾದಾಮಿ, ಐಹೊಳೆಗಳ ಮರಳುಗಲ್ಲಿನಲ್ಲಿ ಅದರ ಪಾಲು ಇನ್ನೂ ಹೆಚ್ಚು. ಉಳಿ ಸುತ್ತಿಗೆಗಳ ಕಾಲದಲ್ಲಿಯೂ ಧೂಳು ಏಳುತ್ತಿತ್ತು. ಆದರೆ ಗಾಳಿಯೊತ್ತಡದ ಯಂತ್ರದಿಂದ ಒಣಗಲ್ಲನ್ನು ಕೊರೆಯುವಾಗಲೂ, ಚಕ್ರದಿಂದ ಕೊಯ್ಯುವಾಗಲೂ ಏಳುವ ಧೂಳು ಅದಕ್ಕಿಂತ ಬಹುಪಾಲು ಹೆಚ್ಚು, ಬಹುಪಾಲು ಸಣ್ಣದು. ಕಣ್ಣಿಗೆ ಕಾಣುವ ದಪ್ಪ ಧೂಳನ್ನು ಮೂಗೂ ಗಂಟಲೂ ತಡೆದು ಹೊರಗೆ ಹಾಕುತ್ತವೆ. ಮಿಲಿಮೀಟರಿನ ಇನ್ನೂರರಲ್ಲೊಂದು ಭಾಗಕ್ಕಿಂತ ಸಣ್ಣದಾದ, ಕಣ್ಣಿಗೆ ಕಾಣದ ಕಣವೇ ಗಾಳಿಗೂಡನ್ನು ಮುಟ್ಟುವುದು. ಅಲ್ಲಿ ಕಾವಲಿರುವ ಜೀವಕೋಶವೊಂದು ಅದನ್ನು ನುಂಗುತ್ತದೆ. ಸಿಲಿಕವು ಅರಗುವುದಿಲ್ಲ, ನುಂಗಿದ ಕೋಶವೇ ಸಾಯುತ್ತದೆ, ಕಣವು ಹೊರಬಿದ್ದು ಮತ್ತೊಂದು ಕೋಶವನ್ನು ಕೊಲ್ಲುತ್ತದೆ. ಹೀಗೆ ಸತ್ತ ಜಾಗದಲ್ಲೆಲ್ಲ ಗಾಯ ಮಾಯ್ದು ಗಂಟು ಕಟ್ಟುತ್ತದೆ. ಮೃದುವಾದ ಶ್ವಾಸಕೋಶವು ಕ್ರಮೇಣ ಗಡುಸಾಗಿ ಹಿಗ್ಗಲಾರದೆ ಹೋಗುತ್ತದೆ. ಇದೇ ಸಿಲಿಕೋಸಿಸ್.

ಇದು ಸಾಮಾನ್ಯವಾಗಿ ಹತ್ತು ವರ್ಷಕ್ಕೂ ಮೀರಿ ಧೂಳು ಕುಡಿದ ಮೇಲೆ ಕಾಣಿಸಿಕೊಳ್ಳುತ್ತದೆ. ಧೂಳು ವಿಪರೀತವಾದಲ್ಲಿ ಕೆಲವೇ ವರ್ಷಗಳಲ್ಲಿ ಬರುವುದೂ ಉಂಟು. ಕೆಲಸ ಬಿಟ್ಟ ಮಾತ್ರಕ್ಕೆ ನಿಲ್ಲುವುದಿಲ್ಲ. ಒಳಗೆ ಉಳಿದ ಕಣಗಳು ತಮ್ಮ ಕೆಲಸವನ್ನು ನಡೆಸುತ್ತಲೇ ಇರುತ್ತವೆ. ಇದನ್ನು ಗುಣಪಡಿಸುವ ಔಷಧವು ಈವರೆಗೂ ದೊರೆತಿಲ್ಲ. ಇದರ ಚರಿತ್ರೆಯು ನಮ್ಮ ನಾಡಿಗೆ ಹೊಸದೂ ಅಲ್ಲ. ಭಾರತದಲ್ಲಿ ಈ ರೋಗದ ಮೊದಲ ದೊಡ್ಡ ವರದಿಯು 1947ರಲ್ಲಿ ಬಂದುದು ಮೈಸೂರು ಸಂಸ್ಥಾನದ ಕೋಲಾರದ ಚಿನ್ನದ ಗಣಿಗಳಿಂದಲೇ. ಮುಂದೆ 1948ರ ಕಾರ್ಖಾನೆ ಕಾಯಿದೆಯೂ 1952ರ ಗಣಿ ಕಾಯಿದೆಯೂ ಇದನ್ನು ವೈದ್ಯನು ಸರ್ಕಾರಕ್ಕೆ ತಿಳಿಸಲೇಬೇಕಾದ ರೋಗಗಳ ಸಾಲಿಗೆ ಸೇರಿಸಿದವು.

ಈಗ ನೋಡಿ, ಕಷ್ಟವಿರುವುದು ಇಲ್ಲಿ. ಸಿಲಿಕೋಸಿಸ್ ಹಿಡಿದವನೂ ಕೆಮ್ಮುತ್ತಾನೆ, ಸೊರಗುತ್ತಾನೆ. ಅವನ ಎದೆಯ ಚಿತ್ರದಲ್ಲಿ ಮೇಲ್ಭಾಗದಲ್ಲಿ ಚುಕ್ಕೆಗಳು ಕಾಣುತ್ತವೆ. ಕ್ಷಯದ ಚುಕ್ಕೆಗಳೂ ಹೆಚ್ಚಾಗಿ ಮೇಲ್ಭಾಗದಲ್ಲಿಯೇ. “ಏನು ಕೆಲಸ ಮಾಡುತ್ತೀ?” ಎಂಬ ಪ್ರಶ್ನೆಯನ್ನು ಕೇಳದ ವೈದ್ಯನು ಕ್ಷಯವೆಂದು ಬರೆದುಬಿಡುತ್ತಾನೆ. ರೋಗಿಯು ಆರು ತಿಂಗಳು ಔಷಧ ನುಂಗುತ್ತಾನೆ, ಗುಣ ಕಾಣದು, ಮತ್ತೊಮ್ಮೆ ನುಂಗುತ್ತಾನೆ, ಈ ನಡುವೆ ಹೊಟ್ಟೆಪಾಡಿಗಾಗಿ ಅದೇ ಧೂಳಿಗೇ ಮರಳುತ್ತಾನೆ. ಇಷ್ಟಕ್ಕೇ ಮುಗಿಯಲಿಲ್ಲ. ಕ್ಷಯವೆಂದು ಬರೆದರೆ ಅದು ಅವನ ದುರದೃಷ್ಟ. ಸಿಲಿಕೋಸಿಸ್ ಎಂದು ಬರೆದರೆ ಅದು ದುಡಿಮೆಯಿಂದ ಬಂದ ರೋಗ, ಪರಿಹಾರಕ್ಕೆ ಅರ್ಹವಾದುದು. ಒಂದು ಶಬ್ದದ ವ್ಯತ್ಯಾಸದಿಂದ ಒಂದು ಮನೆತನದ ಅನ್ನವೇ ತಪ್ಪಿಹೋಗಬಹುದು. ಈ ಕೊರತೆಯನ್ನು ಕಂಡೇ, ಕಲ್ಲುಕೆಲಸ ಹೆಚ್ಚಾಗಿರುವ ರಾಜಸ್ಥಾನವು 2019ರಲ್ಲಿ ಇಂಥ ರೋಗಿಗಳಿಗಾಗಿಯೇ ಪ್ರತ್ಯೇಕ ನೀತಿಯೊಂದನ್ನು ಗೊತ್ತುಮಾಡಿತು.

ಇದಕ್ಕೆ ಇನ್ನೊಂದು ಮಗ್ಗುಲೂ ಉಂಟು. ಸಿಲಿಕವು ಕೊಲ್ಲುವ ಕಾವಲುಕೋಶವೇ ಕ್ಷಯದ ಕ್ರಿಮಿಯನ್ನು ತಡೆಯುವ ಕಾವಲುಕೋಶ. ಕಾವಲಿಲ್ಲದ ಮನೆಗೆ ಕಳ್ಳನು ನುಗ್ಗುವಂತೆ, ಸಿಲಿಕೋಸಿಸ್ ಇದ್ದವನಿಗೆ ಕ್ಷಯವು ಇತರರಿಗಿಂತ ಬಹಳ ಬೇಗ ತಗಲುತ್ತದೆ. ಆದುದರಿಂದ ಎರಡರಲ್ಲಿ ಒಂದನ್ನು ಕಂಡೊಡನೆ ಮತ್ತೊಂದನ್ನು ಮರೆಯುವುದೂ ಅಪಾಯಕರ. ಕಲ್ಲುಕುಟಿಗನು ಕೆಮ್ಮುತ್ತ ಬಂದರೆ ಅವನ ಕಫವನ್ನೂ ನೋಡಬೇಕು, ಕಸುಬನ್ನೂ ಕೇಳಬೇಕು. ಈ ಪ್ರಶ್ನೆಯನ್ನು ವೈದ್ಯಶಾಸ್ತ್ರಕ್ಕೆ ಕಲಿಸಿದವನು ಇಟಲಿಯ ರಾಮಜ್ಜಿನಿ; ಕಸುಬುಗಳಿಂದ ಬರುವ ರೋಗಗಳನ್ನು ಕುರಿತು 1700ರಲ್ಲಿ ಗ್ರಂಥವನ್ನು ಬರೆದು, ರೋಗಿಗೆ ಕೇಳುವ ಪ್ರಶ್ನೆಗಳಲ್ಲಿ ಕಸುಬಿನ ಪ್ರಶ್ನೆಯನ್ನೂ ಸೇರಿಸಬೇಕೆಂದು ಬೋಧಿಸಿದನು.

ಈ ನಾಲ್ಕಲ್ಲದೆ ಇನ್ನು ಕೆಲವನ್ನು ಹೆಸರಿಸಿ ಮುಂದೆ ಹೋಗುತ್ತೇವೆ. ನೂಲಿನ ಗಿರಣಿಯ ಹತ್ತಿಧೂಳಿನಿಂದ ಬರುವ ಬಿಸಿನೋಸಿಸ್ ರೋಗದಲ್ಲಿ, ರಜೆ ಕಳೆದು ಕೆಲಸಕ್ಕೆ ಮರಳಿದ ಮೊದಲ ದಿನವೇ ಎದೆ ಬಿಗಿಯುತ್ತದೆ. ಕಬ್ಬಿನ ಸಿಪ್ಪೆಯು ಬೂಸಲು ಹಿಡಿದಾಗ ಅದರ ಧೂಳಿನಿಂದ ಬಗಾಸೋಸಿಸ್ ಎಂಬುದು ಬರುತ್ತದೆ; ಸಕ್ಕರೆ ಕಾರ್ಖಾನೆಗಳುಳ್ಳ ಮುಧೋಳ, ಜಮಖಂಡಿಗಳ ಕಡೆಯವರು ಇದನ್ನು ತಿಳಿದಿರುವುದು ಮೇಲು. ಬಾಲ್ಯದ ನ್ಯುಮೋನಿಯ, ನಾಯಿಕೆಮ್ಮು, ಅಥವಾ ಹಳೆಯ ಕ್ಷಯದಿಂದ ಕೊಳವೆಗಳು ಹಿಗ್ಗಿ ಚೀಲವಾದರೆ, ದಿನವೂ ಬಟ್ಟಲುಗಟ್ಟಲೆ ದುರ್ವಾಸನೆಯ ಕಫ ಬರುತ್ತದೆ, ಅದು ಬ್ರಾಂಕಿಯೆಕ್ಟಾಸಿಸ್.

ಹಾಗಾದರೆ ಸಾಮಾನ್ಯನು ನೆನಪಿನಲ್ಲಿಡತಕ್ಕ ಗುರುತುಗಳೇನು? ಬಂದು ಹೋಗುವ, ರಾತ್ರಿಯಲ್ಲಿ ಹೆಚ್ಚುವ, ಸಿಳ್ಳಿಡುವ ದಮ್ಮು ಗೂರಲು. ಹೊಗೆಯ ಬಾಳು ಬಾಳಿದವರಲ್ಲಿ ನೆಲೆನಿಂತು ವರ್ಷವರ್ಷಕ್ಕೂ ಏರುವ ದಮ್ಮು ಸಿಓಪಿಡಿ. ಜ್ವರ, ಬೆವರು, ತೂಕದ ಇಳಿತ, ರಕ್ತ, ಇವು ಜೊತೆಗೂಡಿದ ಕೆಮ್ಮು ಕ್ಷಯ. ಧೂಳಿನ ಕಸುಬಿನವನಲ್ಲಿ, ಜ್ವರವಿಲ್ಲದೆ, ಹತ್ತುವಾಗ ಇಳಿಯುವಾಗ ಮೆಲ್ಲಮೆಲ್ಲನೆ ಬಲಿಯುವ ದಮ್ಮು ಸಿಲಿಕೋಸಿಸ್. ಇವು ಶಂಕಿಸುವುದಕ್ಕೆ ಸಾಕು, ನಿರ್ಧರಿಸುವುದಕ್ಕೆ ಸಾಲವು. ನಿರ್ಧರಿಸಲು ಪರೀಕ್ಷೆ ಬೇಕು. ಉಸಿರುಮಾಪಕವನ್ನು ಬಲವಾಗಿ ಊದಿದಾಗ ಆರೋಗ್ಯವಂತನು ತನ್ನ ಒಟ್ಟು ಉಸಿರಿನಲ್ಲಿ ನೂರಕ್ಕೆ ಎಪ್ಪತ್ತಕ್ಕಿಂತ ಹೆಚ್ಚನ್ನು ಮೊದಲ ಸೆಕೆಂಡಿನಲ್ಲಿಯೇ ಹೊರಹಾಕುತ್ತಾನೆ. ಕೊಳವೆ ಕಿರಿದಾದವನಿಗೆ ಅದು ಸಾಧ್ಯವಾಗದು. ಕೊಳವೆಯನ್ನು ಅಗಲಿಸುವ ಔಷಧ ಕೊಟ್ಟು ಮತ್ತೆ ಊದಿಸಿದಾಗ ಹುಡುಗನ ಅಳತೆ ಚೆನ್ನಾಗಿ ಏರುತ್ತದೆ. ಅಜ್ಜಿಯದು ಅಷ್ಟಾಗಿ ಏರದು. ಸಿಲಿಕೋಸಿಸ್ ಬಲಿತವನಲ್ಲಿ ವೇಗಕ್ಕಿಂತ ಮಿಗಿಲಾಗಿ ಒಟ್ಟು ಉಸಿರಿನ ಪ್ರಮಾಣವೇ ಕುಗ್ಗಿರುತ್ತದೆ. ಕೆಲವೇ ನಿಮಿಷಗಳ ಈ ಪರೀಕ್ಷೆಯನ್ನು ಮಾಡಿಸದೆ ವರ್ಷಗಟ್ಟಲೆ ಔಷಧ ಕುಡಿಯುವವರು ನಮ್ಮಲ್ಲಿ ಎಷ್ಟೋ ಮಂದಿ.

ಗುಣವಾಗದ ರೋಗಕ್ಕೆ ತಡೆಯೇ ಮದ್ದು. ಸಿಲಿಕೋಸಿಸಿನ ತಡೆಯು ಬಹಳ ಸುಲಭವಾದ ವಸ್ತುವಿನಲ್ಲಿದೆ: ನೀರು. ಕೊರೆಯುವ ತುದಿಗೆ ನೀರು ಹರಿಸಿದರೆ ಧೂಳು ಏಳುವ ಮೊದಲೇ ಕೆಸರಾಗಿ ಇಳಿದುಹೋಗುತ್ತದೆ. ಮೂಗಿಗೆ ಕಟ್ಟಿದ ವಸ್ತ್ರವು ದಪ್ಪ ಧೂಳನ್ನು ತಡೆದೀತೇ ಹೊರತು ಕೊಲ್ಲುವ ಸಣ್ಣ ಕಣವನ್ನು ತಡೆಯಲಾರದು. ಅದಕ್ಕೆ ತಕ್ಕ ಶೋಧಕವುಳ್ಳ ಮುಖವಾಡವೇ ಬೇಕು. ಕೆಲಸಕ್ಕೆ ಸೇರುವಾಗಲೊಮ್ಮೆ, ಆಮೇಲೆ ಕಾಲಕಾಲಕ್ಕೆ, ಎದೆಯ ಚಿತ್ರವನ್ನೂ ಉಸಿರಿನ ಅಳತೆಯನ್ನೂ ತೆಗೆಯಿಸುವುದು ಗಣಿಯ ಒಡೆಯನ ಕರ್ತವ್ಯ. ಅಜ್ಜಿಯ ಸೊಸೆಗೆ ಹೊಗೆಯಿಲ್ಲದ ಒಲೆಯನ್ನು ಒದಗಿಸುವುದು ಮನೆಯವರ ಕರ್ತವ್ಯ. 2016ರಲ್ಲಿ ಆರಂಭವಾದ ಉಜ್ವಲಾ ಯೋಜನೆಯಿಂದ ಅನಿಲದ ಸಿಲಿಂಡರು ಅನೇಕ ಗುಡಿಸಲುಗಳನ್ನು ಹೊಕ್ಕಿದೆ. ಆದರೆ ರೊಟ್ಟಿಗೆ ಮಾತ್ರ ಕಟ್ಟಿಗೆಯ ಒಲೆಯೇ ಬೇಕೆಂದು ಹಟ ಹಿಡಿದಲ್ಲಿ ಅದರ ಫಲವು ಅರ್ಧಕ್ಕೇ ನಿಲ್ಲುತ್ತದೆ.

ಐಹೊಳೆಯ ಮೇಗುಟಿ ಗುಡಿಯ ಗೋಡೆಯ ಮೇಲೆ 634ರಲ್ಲಿ ರವಿಕೀರ್ತಿಯು ಬರೆಯಿಸಿದ ಶಾಸನವು ಇಮ್ಮಡಿ ಪುಲಕೇಶಿಯ ದಿಗ್ವಿಜಯವನ್ನು ಹಾಡುತ್ತದೆ. ಆ ಗುಡಿಯ ಕಲ್ಲನ್ನು ಕಡಿದವರ ಎದೆಯ ಸುದ್ದಿಯನ್ನು ಅದು ಹೇಳುವುದಿಲ್ಲ. ಹೇಳಲು ಆ ಕಾಲದವರಿಗೆ ತಿಳಿದೂ ಇರಲಾರದು. ನಮಗೆ ತಿಳಿದಿದೆ. ಪಟ್ಟಣದಲ್ಲಿ ವಾಸಿಸುವ ತಮ್ಮಲ್ಲಿ ಅನೇಕರ ಮನೆಯ ನೆಲಕ್ಕೆ ಇಳಕಲ್ಲಿನ ಕೆಂಪು ಶಿಲೆಯು ಕನ್ನಡಿಯಂತೆ ಹೊಳೆಯುತ್ತಿರಬಹುದು. ಆ ನೆಲದಷ್ಟೇ ವಿಸ್ತಾರವಾದ ಇನ್ನೊಂದು ನೆಲವು ಅದನ್ನು ಕಡಿದವನ ಎದೆಯೊಳಗೂ ಇದೆಯೆಂಬುದನ್ನು ತಾವು ನೆನೆಯಬೇಕು. ಮುಂದೆ ಯಾರಾದರೂ ತಮ್ಮೆದುರಿಗೆ “ಅವನಿಗೆ ದಮ್ಮು” ಎಂದರೆ, “ಯಾವ ದಮ್ಮು? ಏನು ಕಸುಬು? ಕಫ ನೋಡಿಸಿದಿರಾ? ಉಸಿರು ಅಳೆಯಿಸಿದಿರಾ?” ಎಂದು ತಾವು ಕೇಳುವಂತಾದರೆ ಈ ಭಾಷಣದ ಉದ್ದೇಶವು ಕೈಗೂಡಿತೆಂದು ತಿಳಿಯುತ್ತೇವೆ.